ಕುಂಬಳಕಾಯಿಗೆ ಬಿದ್ದ ಮೊದಲ ಏಟು

ಮೊದಲು ಅಡುಗೆಯನ್ನು ಹೇಳಿಬಿಡುತ್ತೇನೆ. ಈ ಇಡೀ ಸಂಗತಿಯಲ್ಲಿ ನನಗೆ ಸಂಶಯವಿಲ್ಲದ ಭಾಗ ಅದೊಂದೇ.

ಸಿಹಿಗುಂಬಳಕಾಯಿಯ ಸಿಪ್ಪೆಯನ್ನು ಪೂರ್ತಿ ತೆಗೆಯಬಾರದು. ಗಂಟುಗಂಟಾಗಿರುವ ಕಡೆ ಮಾತ್ರ ಹೆರೆದು, ಹೆಬ್ಬೆರಳಿನ ದಪ್ಪಕ್ಕೆ ಹೋಳು ಮಾಡಬೇಕು. ತೊಳೆದ ಹೋಳುಗಳನ್ನು ಬಟ್ಟೆಯ ಮೇಲೆ ಹರಡಿ ನೀರು ಆರಿಸಬೇಕು. ಕಬ್ಬಿಣದ ಬಾಣಲೆ ಚೆನ್ನಾಗಿ ಕಾದ ಮೇಲೆ ಎರಡು ಚಮಚ ಕಡಲೆಕಾಯಿ ಎಣ್ಣೆ ಹಾಕಿ, ಹೋಳುಗಳು ಒಂದರ ಮೇಲೊಂದು ಬೀಳದಂತೆ ಜೋಡಿಸಿ, ಕೈಕಟ್ಟಿ ನಿಲ್ಲಬೇಕು. ಸೌಟು ಆಡಿಸಿದರೆ ಕೆಟ್ಟಿತು, ನೀರು ಬಿಟ್ಟುಕೊಂಡು ಪಲ್ಯವಾಗುತ್ತದೆ. ಒಂದು ಮೈ ಕೆಂಪಗೆ ಸುಟ್ಟ ಮೇಲೆ ಮಗುಚಿ ಹಾಕಬೇಕು. ಅಷ್ಟರಲ್ಲಿ ಇನ್ನೊಂದು ಒಲೆಯ ಮೇಲೆ ಅಚ್ಚುಬೆಲ್ಲವನ್ನು ಅರ್ಧ ಲೋಟ ನೀರಿನಲ್ಲಿ ಕರಗಿಸಿ, ಮರಳು ಸೋಸಿ, ಎಳೆಪಾಕ ಬರುವುದಕ್ಕೆ ಸ್ವಲ್ಪ ಮುಂಚೆ ಇಳಿಸಬೇಕು. ಅದನ್ನು ಹೋಳುಗಳ ಮೇಲೆ ಸುರಿದು, ಬಾಣಲೆಯ ಎರಡೂ ಕಿವಿ ಹಿಡಿದು ಕುಲುಕಿದರೆ ಬೆಲ್ಲ ಮೈಗೆಲ್ಲ ಹತ್ತಿಕೊಂಡು ಹೊಳೆಯುತ್ತದೆ. ಮೇಲೆ ಚಿಟಿಕೆ ಉಪ್ಪು, ಚಿಟಿಕೆ ಒಣಮೆಣಸಿನಕಾಯಿ ಪುಡಿ, ಹುರಿದು ಕುಟ್ಟಿದ ಕಡಲೆಬೀಜ. ನಮ್ಮ ಮನೆಯಲ್ಲಿ ಇದಕ್ಕೆ ಬೆಲ್ಲದ ಹೋಳು ಎನ್ನುತ್ತೇವೆ. ಮುದ್ದೆ, ಖಾರದ ಸಾರಿನ ಜೊತೆ ತಟ್ಟೆಯ ಅಂಚಿನಲ್ಲಿ ನಾಲ್ಕೈದು ಹೋಳು.

ಇದನ್ನು ಅಮ್ಮನಿಂದ ಕಲಿತೆ ಎಂದು ಬರೆದರೆ ಓದುವವರಿಗೆ ಹಿತವಾಗಿರುತ್ತದೆ. ಆದರೆ ಅಮ್ಮ ಮಾಡುತ್ತಿದ್ದುದರಲ್ಲಿ ಕಡಲೆಬೀಜ ಇತ್ತೋ ಇಲ್ಲವೋ ನನಗೆ ತಿಳಿಯದು. ನಾನು ಕಲಿತದ್ದು ತಂಗಿಯನ್ನು ನೋಡಿ. ತಂಗಿಯ ಬಗ್ಗೆಯೇ ಈಗ ಹೇಳಬೇಕಾಗಿದೆ.

ಹೋಳು ಮಾಡುವುದಕ್ಕೆ ಮುಂಚೆ ಇಡೀ ಕಾಯಿಯನ್ನು ಎರಡಾಗಿಸಬೇಕು. ನಮ್ಮ ಮನೆಗಳಲ್ಲಿ ಹೆಂಗಸರು ಕುಂಬಳಕಾಯಿಗೆ ಮೊದಲ ಏಟು ಹಾಕುವುದಿಲ್ಲ. ಗಂಡಸು ಮಚ್ಚಿನಲ್ಲಿ ಒಂದು ಸಲ ಹೊಡೆದುಕೊಟ್ಟರೆ ಮುಂದೆ ಈಳಿಗೆಮಣೆಯ ಮೇಲೆ ಅವರು ಎಷ್ಟು ಬೇಕಾದರೂ ಹೆಚ್ಚಬಹುದು. ಸೋರೆಕಾಯಿಗೆ, ಹಲಸಿನಹಣ್ಣಿಗೆ ಈ ಕಟ್ಟಳೆಯಿಲ್ಲ. ಇಡೀ ಕುಂಬಳಕಾಯಿ ಹೊಟ್ಟೆಯೊಳಗಿನ ಕೂಸಿದ್ದಂತೆ ಎನ್ನುತ್ತಾರೆ. ಬಸುರಿಯಂತೂ ಅದನ್ನು ಹೊಡೆಯುವಾಗ ನೋಡಲೂಬಾರದು. ಇದನ್ನು ನಂಬುತ್ತೀರಾ ಎಂದು ಯಾರನ್ನಾದರೂ ಕೇಳಿದರೆ ನಗುತ್ತಾರೆ. ನಕ್ಕು, ಗಂಡಸರನ್ನು ಕೂಗಿ ಕರೆಯುತ್ತಾರೆ.

ತಂಗಿಯನ್ನು ಕೊಟ್ಟಿರುವುದು ಕೊಡಿಗೇನಹಳ್ಳಿಗೆ. ಅವಳ ಮಾವ ತೀರಿಕೊಂಡು ಬಹಳ ವರ್ಷವಾಯಿತು. ಗಂಡನದು ಹುಣಸೆಹಣ್ಣಿನ ವ್ಯಾಪಾರ. ಸುಗ್ಗಿಯಲ್ಲಿ ಪಾವಗಡದ ಕಡೆಯ ಹಳ್ಳಿಗಳಲ್ಲಿ ಮರ ಗುತ್ತಿಗೆ ಹಿಡಿದು, ಹಣ್ಣು ಬಡಿದು ಉದುರಿಸಿ, ಹಿಂದೂಪುರಕ್ಕೆ ಸಾಗಿಸುತ್ತಾನೆ. ಆ ದಿನಗಳಲ್ಲಿ ಮನೆಯಲ್ಲಿ ಅತ್ತೆ ಸೊಸೆ ಇಬ್ಬರೇ. ಹೋದ ಸುಗ್ಗಿಯ ಒಂದು ಭಾನುವಾರ ತಂಗಿ ಫೋನ್ ಮಾಡಿದಳು. ನಾನಿರುವುದು ಮಧುಗಿರಿಯಲ್ಲಿ, ಕಾಲೇಜಿನಲ್ಲಿ ಪಾಠ ಹೇಳಿಕೊಂಡು.

"ಅಣ್ಣ, ನಾಳೆ ರಜಾ ಹಾಕ್ತೀಯಾ?"

"ಯಾಕೆ?"

"ಕುಂಬಳಕಾಯಿ ಒಡೀಬೇಕಿತ್ತು."

"ಅದಕ್ಕೆ ನಾನು ಮಧುಗಿರಿಯಿಂದ ಬರಬೇಕಾ? ನಿಮ್ಮ ಬೀದೀಲಿ ಗಂಡಸರೇ ಇಲ್ವಾ?"

"ಪಕ್ಕದ್ಮನೆಯೋರ್ನ ಕರದ್ರೆ ಅವರಿಗೆ ಅರ್ಧ ಕಾಯಿ ಕೊಟ್ಟು ಕಳಿಸ್ಬೇಕು ಕಣಣ್ಣ. ನೀನಾದ್ರೆ ಊಟ ಹಾಕಿದ್ರೆ ಸಾಕು." ಆಮೇಲೆ ದನಿ ತಗ್ಗಿಸಿ ಹೇಳಿದಳು: "ಅತ್ತೆ ಹೇಳವ್ರೆ, ನೀನು ಮುಟ್ಬೇಡ, ನಿಮ್ಮಣ್ಣನ್ನೇ ಕರೆಸು ಅಂತ. ಎರಡು ತಿಂಗಳು ತುಂಬ್ತು ನಂಗೆ."

ಮದುವೆಯಾಗಿ ಆರು ವರ್ಷವಾದ ಮೇಲೆ ಮೊದಲನೆಯದು. ನನಗೆ ತಿಳಿಸಿದ್ದು ಹೀಗೆ, ಕುಂಬಳಕಾಯಿಯ ನೆಪದಲ್ಲಿ.

ಸೋಮವಾರ ಬೈಕಿನಲ್ಲಿ ಹೋದೆ. ಅವಳ ಅತ್ತೆ ಬೆಳಿಗ್ಗೆಯೇ ನೆರೆಯವರ ಜೊತೆ ಸಿದ್ದರಬೆಟ್ಟಕ್ಕೆ ಹೋಗಿದ್ದರು, ಊಟದ ಹೊತ್ತಿಗೆ ಬರುವವರಿದ್ದರು. ನಡುಮನೆಯ ನೆಲುವಿನಲ್ಲಿ ತೂಗುಹಾಕಿದ್ದ ಕಾಯಿಯನ್ನು ನಾನೇ ಇಳಿಸಿದೆ. ಅಡುಗೆಮನೆಯಲ್ಲಿ ಗೋಣಿಚೀಲ ಹಾಸಿ ಅದರ ಮೇಲಿಟ್ಟೆ. ತಂಗಿ ಮಚ್ಚು ತಂದುಕೊಟ್ಟು, "ನಾನು ಆ ಕಡೆ ತಿರುಗ್ತೀನಿ, ಹೊಡಿ" ಎಂದಳು. ಇಲ್ಲಿಯವರೆಗೆ ರುಜು ಹಾಕಿ ಕೊಡಬಲ್ಲೆ. ಆಗ ನನಗೆ ಫೋನ್ ಬಂತು. ಕಾಲೇಜಿನಿಂದ, ಪರೀಕ್ಷೆಯ ಯಾವುದೋ ಪಟ್ಟಿ ಕಾಣೆಯಾಗಿದೆ ಎಂದು.

ಅಲ್ಲಿಂದ ಮುಂದೆ ನನ್ನ ಬಳಿ ಮೂರು ಚಿತ್ರಗಳಿವೆ. ಒಂದರಲ್ಲಿ ನಾನು ಫೋನನ್ನು ಕಿವಿಗೂ ಹೆಗಲಿಗೂ ನಡುವೆ ಸಿಕ್ಕಿಸಿಕೊಂಡು ಮಚ್ಚು ಬೀಸುತ್ತೇನೆ, ಕಾಯಿ ಸೀಳಿ ಹಸಿ ಬೀಜದ ವಾಸನೆ ಬರುತ್ತದೆ. ಇನ್ನೊಂದರಲ್ಲಿ ನಾನು ಹೊರಗೆ ಜಗಲಿಯ ಮೇಲೆ ಮಾತಾಡುತ್ತಿದ್ದೇನೆ, ಒಳಗಿನಿಂದ ದಪ್ಪೆಂದು ಸದ್ದು ಕೇಳಿಸುತ್ತದೆ. ಮೂರನೆಯದು ನಾನು ರುಜು ಹಾಕಿದ ಮಾತಿಗೇ ವಿರುದ್ಧ: ಅದರಲ್ಲಿ ಕಾಯಿ ನೆಲುವಿನಿಂದ ಇಳಿಸುವಾಗಲೇ ಕೈಜಾರಿ ಬಿರುಕು ಬಿಟ್ಟಿದೆ, ಅದನ್ನು ಯಾರೂ ಹೊಡೆಯಬೇಕಾಗಿಯೇ ಇಲ್ಲ. ಮೂರೂ ಒಂದೇ ಸಮ ಸ್ಪಷ್ಟವಾಗಿವೆ. ಮೂರನೆಯದನ್ನು ನಾನೇ ಆಮೇಲೆ ಕಟ್ಟಿಕೊಂಡೆ ಎಂದು ನನ್ನ ಗುಮಾನಿ. ಆದರೆ ಉಳಿದ ಎರಡನ್ನು ಕಟ್ಟಿಕೊಂಡಿಲ್ಲ ಎಂದು ಹೇಗೆ ಹೇಳಲಿ? ಚಿತ್ರಗಳು ಮುಗಿದ ಮೇಲೆ ಸಿಗುವ ಗಟ್ಟಿ ನೆಲವೆಂದರೆ, ನಾನು ಫೋನ್ ಜೇಬಿಗೆ ಹಾಕಿಕೊಂಡು ಅಡುಗೆಮನೆಯಲ್ಲಿ ನಿಂತಿದ್ದೇನೆ, ತಂಗಿ ಈಳಿಗೆಮಣೆಯ ಮೇಲೆ ಕೂತು ಹೋಳು ಮಾಡುತ್ತಿದ್ದಾಳೆ.

ಅವಳ ಅತ್ತೆ ಹಣೆಯ ತುಂಬ ವಿಭೂತಿ ಬಳಿದುಕೊಂಡು, ಬೆಟ್ಟ ಹತ್ತಿದ ಕಾಲುನೋವಿನೊಂದಿಗೆ ಬಂದರು. ಊಟಕ್ಕೆ ಕೂತು ಒಂದು ಹೋಳು ಬಾಯಿಗೆ ಹಾಕಿಕೊಂಡವರು ಅಗಿಯುವುದನ್ನೇ ನಿಲ್ಲಿಸಿಬಿಟ್ಟರು.

"ಏನಮ್ಮೀ ಇದು, ಇಷ್ಟು ವರ್ಸ ಮಾಡ್ಲೇ ಇಲ್ವಲ್ಲ, ಕುಂಬಳಕಾಯ್ನ ಇಂಗೂ ಮಾಡ್ತಾರಾ? ಇನ್ನೊಂದೀಟು ಹಾಕು. ನಿಮ್ಮಣ್ಣಂಗೆ ಕಮ್ಮಿ ಹಾಕು, ಅವ್ನು ದಿನಾ ತಿಂತಾನೆ."

ಯಾರು ಹೊಡೆದದ್ದು ಎಂದು ಅವತ್ತು ಅವರು ಕೇಳಲಿಲ್ಲ.

ಎಂಟು ದಿನಕ್ಕೆ ತಂಗಿಯನ್ನು ಮಧುಗಿರಿಯ ಆಸ್ಪತ್ರೆಗೆ ಕರೆತಂದರು. ಹೋಗಿಬಿಟ್ಟಿತ್ತು. ಡಾಕ್ಟರಮ್ಮ ಅವಳ ಗಂಡ, ಅತ್ತೆ, ನಾನು ಮೂವರನ್ನೂ ಕೂರಿಸಿಕೊಂಡು ಸಾವಧಾನವಾಗಿ ವಿವರಿಸಿದರು. ಇದು ಬಹಳ ಹೆಂಗಸರಿಗೆ ಆಗುತ್ತದೆ, ತಿಂದದ್ದರಿಂದ ಅಲ್ಲ, ಓಡಾಡಿದ್ದರಿಂದ ಅಲ್ಲ, ಯಾರ ತಪ್ಪೂ ಅಲ್ಲ. ತಂಗಿಯ ಅತ್ತೆ ಪ್ರತಿಯೊಂದು ಮಾತಿಗೂ ತಲೆಯಾಡಿಸಿದರು. ಹೊರಗೆ ಬಂದು, ಬೆಂಚಿನ ಮೇಲೆ ಕೂತು, ನನ್ನನ್ನು ಕರೆದರು. ಅವರ ಮಗ ಪಕ್ಕದಲ್ಲಿ ನಿಂತಿದ್ದ. ಎದುರಿನ ವಾರ್ಡಿನ ಬಾಗಿಲು ತೆರೆದಿತ್ತು, ಮಂಚದ ಮೇಲಿಂದ ತಂಗಿ ನಮ್ಮನ್ನೇ ನೋಡುತ್ತಿದ್ದಳು.

"ಏನಪ್ಪಾ, ಅವತ್ತು ಕಾಯಿ ಹೊಡೆದಿದ್ದು ನೀನೇ ತಾನೆ?"

ಹೂಂ ಎಂದಿದ್ದರೆ ಮುಗಿಯುತ್ತಿತ್ತು. ನಾನು ಮೂರು ಚಿತ್ರಗಳನ್ನೂ ಒಂದೊಂದಾಗಿ ನೋಡಿಕೊಂಡೆ. ಮನುಷ್ಯರು ತಮಗೆ ಬೇಕಾದ ಹಾಗೆ ನೆನಪುಗಳನ್ನು ತಿದ್ದಿಕೊಳ್ಳುತ್ತಾರೆ, ನಾನು ಹಾಗೆ ಮಾಡಬಾರದು ಎಂಬ ಒಂದು ಹಟ ನನಗೆ ಬಹುಕಾಲದಿಂದ ಇದೆ. ಆ ಹಟದ ಬಗ್ಗೆ ನನಗೆ ಹೆಮ್ಮೆಯೂ ಇತ್ತು.

"ಸರಿಯಾಗಿ ನೆನಪಿಲ್ಲಮ್ಮ" ಎಂದೆ.

ಅವರು ಮಗನ ಮುಖ ನೋಡಿದರು. ಮಗ ನೆಲ ನೋಡಿದ. ಅವರ ಲೆಕ್ಕದಲ್ಲಿ ಅದು ಉತ್ತರವಾಗಿತ್ತು. ಹೊಡೆದವನಿಗೆ ಎಂಟು ದಿನದಲ್ಲಿ ಮರೆತುಹೋಗುತ್ತದೆಯೇ? ತಂಗಿಯನ್ನು ಕಾಪಾಡಲು ಅಣ್ಣ ತೇಲಿಸಿ ಮಾತಾಡುತ್ತಿದ್ದಾನೆ, ಅಷ್ಟೇ.

ತಂಗಿಯನ್ನು ಸುಧಾರಿಸಿಕೊಳ್ಳಲಿ ಎಂದು ನಮ್ಮ ಮನೆಗೆ ಕಳಿಸಿದರು. ಒಂದು ತಿಂಗಳು ಎಂದದ್ದು ಐದು ತಿಂಗಳಾಯಿತು. ಅವಳ ಗಂಡ ಮೊದಮೊದಲು ದಿನಾ ಫೋನ್ ಮಾಡುತ್ತಿದ್ದ, ಆಮೇಲೆ ವಾರಕ್ಕೊಮ್ಮೆ, ಕಡೆಗೆ ಗ್ಯಾಸಿನ ಪುಸ್ತಕ ಎಲ್ಲಿದೆ ಎಂದು ಕೇಳುವುದಕ್ಕೆ. ಯಾವಾಗ ಬಂದು ಕರೆದುಕೊಂಡು ಹೋಗುತ್ತೀರಿ ಎಂದರೆ, "ಅವ್ವನ ಮನಸ್ಸು ಇನ್ನೂ ಸರಿಹೋಗಿಲ್ಲ" ಎನ್ನುತ್ತಿದ್ದ.

ನನ್ನ ಹೆಂಡತಿ ಶಿರಾ ತಾಲ್ಲೂಕಿನ ಗೌಡಗೆರೆಯವಳು, ಮಾತು ಒಳಗಿಟ್ಟುಕೊಳ್ಳುವ ಪೈಕಿಯವಳಲ್ಲ.

"ಒಂದು ಹೂಂ ಅನ್ನೋಕೆ ನಿಮ್ಮ ಬಾಯಿಗೆ ಏನಾಗಿತ್ತು ರೀ? ಸಂತೇಲಿ ಕೊತ್ತಂಬರಿ ತಗೊಳ್ಳೋವಾಗ ನೂರು ಸುಳ್ಳು ಹೇಳ್ತೀರಿ, ಬಿಲ್‌ಕುಲ್ ನಾಚ್ಕೆ ಇಲ್ದೆ."

"ನಿಜವಾಗಿ ನೆನಪಿರಲಿಲ್ಲ ಕಣೇ."

"ನೆನಪನ್ನ ಯಾರು ಕೇಳಿದ್ರು? ಆಯಮ್ಮ ಕೇಳಿದ್ದು ಹೂಂ ಅನ್ನು ಅಂತ."

ತಂಗಿ ಮಾತ್ರ ಆ ಬಗ್ಗೆ ಏನೂ ಕೇಳಲಿಲ್ಲ. ನನ್ನ ಮೇಲಿನ ಸಿಟ್ಟಿಗೆ ಕೇಳುತ್ತಿಲ್ಲ ಎಂದುಕೊಂಡಿದ್ದೆ. ಹೀಗಿರುವಾಗ ಒಂದು ಮಧ್ಯಾಹ್ನ ನನ್ನ ಹೆಂಡತಿ ಮಾರ್ಕೆಟ್ಟಿನಿಂದ ಕಾಲು ಭಾಗ ಕುಂಬಳಕಾಯಿ ತಂದಳು. ತೂಕಕ್ಕೆ ಕತ್ತರಿಸಿ ಮಾರುವಂಥದ್ದು, ಯಾವನೋ ವ್ಯಾಪಾರಿ ಹೊಡೆದಿಟ್ಟದ್ದು, ಅದರಲ್ಲಿ ಯಾರಿಗೂ ಭಯವಿಲ್ಲ. ತಂಗಿ ಬೆಲ್ಲದ ಹೋಳು ಮಾಡಲು ನಿಂತಳು. ನಾನು ಅಲ್ಲೇ ಬಾಗಿಲಲ್ಲಿ ಉತ್ತರಪತ್ರಿಕೆ ನೋಡುತ್ತಾ ಕೂತಿದ್ದೆ. ಪಾಕದ ಗುಳ್ಳೆಗಳು ಸಣ್ಣವಾಗಿ, ಬಣ್ಣ ಕಪ್ಪಿಗೆ ತಿರುಗಿತು. ಇಳಿಸಬೇಕಾದ ಹೊತ್ತು ದಾಟಿತು. ಅವಳು ಇಳಿಸಲಿಲ್ಲ. ಸೀದ ವಾಸನೆ ಬಂದಾಗ ನಾನೇ ಎದ್ದು ಒಲೆ ಆರಿಸಿದೆ.

"ಅಣ್ಣ, ಅವತ್ತು ಮಚ್ಚು ನನ್ನ ಕೈಯಲ್ಲಿತ್ತಾ?"

ನಾನು ಇಕ್ಕಳ ಹಿಡಿದು ಪಾಕದ ಪಾತ್ರೆಯನ್ನು ಕೆಳಗಿಳಿಸಿದೆ.

"ಒಲೆ ಹಚ್ಚಿದ್ದು ಗೊತ್ತು. ನಿಂಗೆ ಫೋನ್ ಬಂದಿದ್ದು ಗೊತ್ತು. ಆಮೇಲೆ ಹೋಳು ಮಾಡ್ತಾ ಕೂತಿದ್ದೀನಿ. ನಡುವೆ ಏನೂ ಇಲ್ಲ ಕಣಣ್ಣ. ಆಸ್ಪತ್ರೇಲಿ ನೀನು ಏನಾದ್ರೂ ಹೇಳ್ತೀಯ, ಅದನ್ನೇ ಇಟ್ಕೊಳ್ಳೋಣ ಅಂತಿದ್ದೆ. ನೀನೂ ನೆನಪಿಲ್ಲ ಅಂದುಬಿಟ್ಟೆ."

"ಅದರಿಂದ ಏನೂ ಆಗಲ್ಲಮ್ಮ. ಡಾಕ್ಟರು ಹೇಳಿದ್ರಲ್ಲ."

"ಗೊತ್ತು. ಕಾಯಿ ಕಥೆ ಸುಳ್ಳು ಅಂತ ನಂಗೂ ಗೊತ್ತು. ಆದ್ರೂ ಕೈ ನೋಡ್ಕೋತೀನಿ."

ಪಾತ್ರೆಗೆ ಹತ್ತಿಕೊಂಡ ಬೆಲ್ಲ ಕಲ್ಲಾಗಿತ್ತು. ನೀರು ಹಾಕಿ ನೆನೆಸಿಟ್ಟೆವು. ನನಗೆ ಆವರೆಗೆ ತಿಳಿಯದೇ ಇದ್ದದ್ದು ಇದು: ಅವಳು ಐದು ತಿಂಗಳು ನನ್ನನ್ನು ದೂರಿಕೊಂಡು ಕೂತಿರಲಿಲ್ಲ. ತನ್ನ ನೆನಪಿನಲ್ಲಿದ್ದ ತೂತಿಗೆ ನನ್ನ ನೆನಪಿನ ತೇಪೆ ಸಿಗಬಹುದು ಎಂದು ಕಾದಿದ್ದಳು.

ಮರುದಿನ ಯಾರಿಗೂ ಹೇಳದೆ ಕೊಡಿಗೇನಹಳ್ಳಿಗೆ ಹೋದೆ. ಅವಳ ಅತ್ತೆ ಜಗಲಿಯಲ್ಲಿ ಮೊರ ಹಿಡಿದು ರಾಗಿ ಕೇರುತ್ತಿದ್ದರು.

"ಅಮ್ಮ, ಅವತ್ತು ಕುಂಬಳಕಾಯಿ ಹೊಡೆದದ್ದು ನಾನೇ."

ಮೊರ ನಿಲ್ಲಲಿಲ್ಲ. "ಈಗ ಗ್ಯಾಪಕ ಬಂತಾ?"

"ಹೂಂ."

"ಐದು ತಿಂಗ್ಳಿಗೆ. ಬಸ್ಸಲ್ಲಿ ಬಂತೇನೋ ನಿನ್ನ ಗ್ಯಾಪಕ, ಎಲ್ಲಾ ಸ್ಟಾಪಲ್ಲೂ ನಿಲ್ಸ್ಕೊಂಡು."

ಅವರು ಮೊರ ಕೆಳಗಿಟ್ಟು ಸೆರಗಿನಿಂದ ಮುಖದ ಧೂಳು ಒರೆಸಿಕೊಂಡರು.

"ಅವತ್ತೇ ಅಂದಿದ್ರೆ ನಾನ್ಯಾಕಪ್ಪ ಬಾಯಿ ತೆಗೀತಿದ್ದೆ? ಸೊಸೇನ ತವರಲ್ಲಿ ಕೂರ್ಸೋದು ನಂಗೇನು ಆಸೇನಾ? ನಾನೂ ಎರಡು ಕಳ್ಕೊಂಡೋಳೇ. ನಮ್ಮತ್ತೆ ಇಂಗೇ ಕೂರ್ಸಿ ಕೇಳಿದ್ರು, ಏನ್ ಮುಟ್ದೆ, ಎಲ್ಲಿಗೆ ಓದೆ, ಯೇಳು ಅಂತ. ಏನೋ ಒಂದು ಇರ್ಬೇಕು ಅಂತ ನಾನೂ ಹುಡುಕ್ದೆ."

"ಏನು ಸಿಕ್ತು?"

"ಹೊತ್ತು ಮುಳುಗೋವಾಗ ಬಾವಿಕಟ್ಟೆ ಮೇಲೆ ಕೂತಿದ್ದೆ ಅಂತ ಸಿಕ್ತು." ಮತ್ತೆ ಮೊರ ಎತ್ತಿಕೊಂಡು ಹೇಳಿದರು, "ಸರಿ ಬುಡು. ಸೋಮವಾರ ಕರ್ಕೊಂಡು ಬಾ." ನಾನು ಬೈಕಿನ ಕಡೆ ತಿರುಗಿದ ಮೇಲೆ ಮತ್ತೆ ಕೂಗಿದರು. "ಅಂದಂಗೆ, ನೀನು ಹೊಡೆಯೋವಾಗ ಅವಳು ನೋಡ್ತಾ ನಿಂತಿದ್ಲಾ?"

"ಇಲ್ಲಮ್ಮ. ಆ ಕಡೆ ತಿರುಗಿಕೊಂಡಿದ್ದಳು."

ವಾಪಸು ಬರುವ ದಾರಿಯಲ್ಲಿ ಒಂದು ವಿಚಿತ್ರ ನಡೆಯಿತು. ಮೊದಲ ಚಿತ್ರ ಬೆಳೆಯತೊಡಗಿತು. ಗೋಡೆಯ ಕಡೆ ತಿರುಗಿ ನಿಂತ ತಂಗಿಯ ಬೆನ್ನು ಕಂಡಿತು, ಸೀರೆಯ ಬಣ್ಣ ಕಂಡಿತು, ನನ್ನ ಅಂಗೈಗೆ ಮಚ್ಚಿನ ಹಿಡಿ ಒತ್ತಿದ್ದು ತಿಳಿಯಿತು. ಉಳಿದ ಎರಡು ಚಿತ್ರಗಳು ಮಸುಕಾದವು. ದಾರಿಯಲ್ಲಿ ಗಾಡಿ ನಿಲ್ಲಿಸಿ, ಜಗಲಿಯಲ್ಲಿ ಕೇಳಿದ ಆ ದಪ್ಪೆಂಬ ಸದ್ದನ್ನು ನೆನಪಿಸಿಕೊಳ್ಳಲು ನೋಡಿದೆ. ಬರಲಿಲ್ಲ. ನಿಜ ನೆನಪಾಯಿತೋ, ಹೇಳಿದ ಸುಳ್ಳು ಒಳಗೆ ಬೇರು ಬಿಟ್ಟಿತೋ, ಇನ್ನು ಮೇಲೆ ನನಗೆ ಗೊತ್ತಾಗುವುದಿಲ್ಲ. ಗೊತ್ತುಮಾಡಿಕೊಳ್ಳುವ ದಾರಿಯನ್ನು ನಾನೇ ಮುಚ್ಚಿ ಬಂದಿದ್ದೆ.

ಮನೆಗೆ ಬಂದು, "ಸೋಮವಾರ ಹೋಗಬೇಕಂತೆ" ಎಂದು ತಂಗಿಗೆ ಹೇಳಿದೆ. ಅವಳು ಬಟ್ಟೆ ಮಡಿಸುತ್ತಿದ್ದಳು.

"ಏನಂತ ಹೇಳಿ ಬಂದೆ?"

"ನಾನೇ ಹೊಡೆದೆ ಅಂತ."

"ನೆನಪಾಯ್ತಾ?"

ನಾನೂ ಒಂದು ಟವೆಲ್ ತೆಗೆದು ಮಡಿಸತೊಡಗಿದೆ.

"ಅಂದ್ರೆ ಸುಳ್ಳು."

"ಸುಳ್ಳು ಅಂತಾನೂ ಗೊತ್ತಿಲ್ಲಮ್ಮ."

ನನ್ನ ಹೆಂಡತಿ ಒಳಗಿನಿಂದಲೇ ನಕ್ಕಳು. "ನಿಮ್ಮಣ್ಣನ ಅಂಗಡೀಲಿ ಹೌದೂ ಸಿಕ್ಕಲ್ಲ, ಇಲ್ಲಾನೂ ಸಿಕ್ಕಲ್ಲ ಕಣೇ. ಸಿಕ್ಕಿದ್ದು ತಗೊಂಡು ಜಲ್ದಿ ಹೊರಡು."

ತಂಗಿ ನಗಲಿಲ್ಲ. ಫೋನ್ ತೆಗೆದು ಗಂಡನಿಗೆ ಹಚ್ಚಿದಳು. ಸ್ಪೀಕರ್ ಹಾಕಿ ಮಡಿಸಿದ ಬಟ್ಟೆಯ ಮೇಲಿಟ್ಟಳು.

"ರೀ, ಅಣ್ಣ ನಿಮ್ಮಮ್ಮನ ಹತ್ರ ಹೋಗಿದ್ನಂತೆ."

"ಹೂಂ, ಅವ್ವ ಹೇಳ್ತು. ಒಳ್ಳೇದಾಯ್ತು ಬುಡು. ಸೋಮವಾರ ಬಂದ್ಬುಡು."

"ಅವನಿಗೆ ನೆನಪಿಲ್ಲ. ನಂಗೂ ಇಲ್ಲ. ನಾನೇ ಹೊಡೆದೆ ಅಂತ್ಲೇ ಇಟ್ಕೊಳ್ಳಿ. ಆಗ ಬರ್ಲಾ, ಬೇಡ್ವಾ?"

ಆ ಕಡೆ ಯಾರೋ ತೆಲುಗಿನಲ್ಲಿ ಚೀಲ ಎಣಿಸುತ್ತಿದ್ದುದು ಕೇಳಿಸಿತು.

"ಯಾಕೆ ಅದ್ನ ಕೆದಕ್ತೀಯ? ಮುಗೀತಲ್ಲ."

"ನಂಗೆ ಮುಗೀಲಿಲ್ಲ. ಹೇಳಿ."

"ಅವ್ವಂಗೆ ಏನಂತ ಹೇಳ್ಲಿ?"

"ನಿಮ್ಮವ್ವಂಗೆ ಬೇಡ. ನಂಗೆ ಹೇಳಿ."

"ನೋಡು, ಇಲ್ಲಿ ಲೋಡ್ ಆಗ್ತೈತೆ. ಯೋಚ್ನೆ ಮಾಡಿ ಫೋನ್ ಮಾಡ್ತೀನಿ."

"ಮಾಡಿ. ಹೂಂ ಅಂದ್ರೆ ಅವತ್ತೇ ಬಸ್ಸು ಹತ್ತೀನಿ."

ಅವನು ಮಾಡಲಿಲ್ಲ. ಸೋಮವಾರ ಬಂದು ಹೋಯಿತು, ತಂಗಿ ಹೊರಡಲಿಲ್ಲ. ನನ್ನ ಹೆಂಡತಿ ಅವಳನ್ನು ಬೈಯಲೂ ನೋಡಿದಳು, ಓಲೈಸಲೂ ನೋಡಿದಳು. ಕಡೆಗೆ, "ಅವಳು ಕೇಳ್ತಿರೋದು ತಪ್ಪಲ್ಲ" ಎಂದು ನನ್ನ ಹತ್ತಿರ ಒಪ್ಪಿಕೊಂಡಳು. ಬುಧವಾರ ಸಂಜೆ ತಂಗಿಯ ಅತ್ತೆ ನನಗೆ ಫೋನ್ ಮಾಡಿದರು.

"ಯಾಕಪ್ಪಾ ಕರ್ಕೊಂಡು ಬರ್ಲಿಲ್ಲ? ಎರಡು ಸಲ ಅನ್ನಕ್ಕಿಟ್ಟೆ ಅವತ್ತು."

ತಂಗಿ ಎದುರಿಗೇ ಇದ್ದಳು. ಆಸ್ಪತ್ರೆಯ ಬೆಂಚಿನ ಮುಂದೆ ನಾನು ಮೂರು ಚಿತ್ರಗಳನ್ನು ತೂಗಿ ನೋಡಿದ್ದೆ, ಜಗಲಿಯ ಮುಂದೆ ಒಂದನ್ನು ಆರಿಸಿಕೊಂಡಿದ್ದೆ. ಎರಡು ಸಲವೂ ನಾನು ಅವರ ಪ್ರಶ್ನೆಗೇ ಉತ್ತರ ಕೊಟ್ಟಿದ್ದೆ.

"ಅಮ್ಮ, ಹೊಡೆದವರು ಯಾರೋ ನನಗೆ ಗೊತ್ತಿಲ್ಲ. ನೆನಪಾಯ್ತು ಅಂದದ್ದು ಸುಳ್ಳು. ಆದರೆ ಯಾರು ಹೊಡೆದಿದ್ದರೂ ಅದರಿಂದ ಹೋಗಲಿಲ್ಲ. ನೀವು ಬಾವಿಕಟ್ಟೆ ಮೇಲೆ ಕೂತದ್ದರಿಂದಲೂ ಹೋಗಲಿಲ್ಲ. ಅವತ್ತೇ ನಾನು ಇಷ್ಟನ್ನ ಹೇಳಬೇಕಾಗಿತ್ತು."

ಫೋನ್ ಇಟ್ಟುಬಿಡುತ್ತಾರೆ ಎಂದುಕೊಂಡೆ.

"ಅವಳ ಕೈಗೆ ಕೊಡು" ಎಂದರು.

ಕೊಟ್ಟೆ. ತಂಗಿ ಅದನ್ನು ತೆಗೆದುಕೊಂಡು ಹಿತ್ತಲಿಗೆ ಹೋದಳು. ಅಡುಗೆಮನೆಯ ಕಿಟಕಿಯಿಂದ ಅವಳು ಬಟ್ಟೆ ಒಗೆಯುವ ಕಲ್ಲಿನ ಮೇಲೆ ಕೂತದ್ದು ಕಾಣುತ್ತಿತ್ತು. ಮೊದಲು ಅವಳು ಬರೀ ಕೇಳಿಸಿಕೊಂಡಳು. ಆಮೇಲೆ ಏನೋ ಹೇಳಿದಳು. ಮತ್ತೆ ಕೇಳಿಸಿಕೊಂಡಳು. ನನ್ನ ಹೆಂಡತಿ ಪಿಸುಗುಟ್ಟುತ್ತಾ, "ಅಳ್ತಾ ಇದಾಳಾ?" ಎಂದಳು. ಬೆನ್ನಿನಿಂದ ಹೇಳಲಾಗುತ್ತಿರಲಿಲ್ಲ. ಏನು ಮಾತಾಡಿದರೋ ನನಗೆ ಗೊತ್ತಿಲ್ಲ, ಊಹಿಸಿ ಇಲ್ಲಿ ತುಂಬುವುದಿಲ್ಲ.

ಕತ್ತಲಾಗುವ ಹೊತ್ತಿಗೆ ಒಳಗೆ ಬಂದಳು. ಫೋನನ್ನು ನನ್ನ ಕೈಗೆ ಕೊಡಲಿಲ್ಲ.

"ಮಾತು ಮುಗಿದಿಲ್ಲ, ಇದರ ಚಾರ್ಜ್ ಮುಗೀತು" ಎಂದಳು. "ಚಾರ್ಜರ್ ಎಲ್ಲಿಟ್ಟಿದೀರ ಅತ್ತಿಗೆ?"